ಕಪ್ಪು ಹತ್ತುವ ಮೊದಲಿನ ಬಿಲ್ಲೆ

ಊರಿನ ಕೇಬಲ್ ಚಾನೆಲ್ಲಿಗೆ ಮಾಡಿದ ಮೊದಲ ಸರಣಿ ಮುಗಿದ ಮರುವಾರವೇ ನಾವು ಸೆಟ್ಟಿನ ಸಾಮಾನನ್ನೆಲ್ಲ ಗುಜರಿಗೆ ಹಾಕಿದೆವು. ಇಟ್ಟುಕೊಳ್ಳಲು ಜಾಗ ಇರಲಿಲ್ಲ. ಕಲಬುರಗಿಯಲ್ಲಿ ಒಂದು ಸಣ್ಣ ಗೋಡೌನ್ ಹಿಡಿದಿದ್ದೆವು, ಅದರ ಬಾಡಿಗೆ ತಿಂಗಳಿಗೆ 4,000 ರೂಪಾಯಿ. ಕಥೆ ಮುಗಿದಿದೆ, ಇನ್ನು ಈ ತುಕ್ಕು ಹಿಡಿದ ಡಬ್ಬಿಗಳಿಂದ ಏನಾಗಬೇಕು ಅಂತ ಎಲ್ಲರೂ ಅಂದುಕೊಂಡೆವು. ಎಂಟು ತಿಂಗಳಾದ ಮೇಲೆ ನಿರ್ದೇಶಕ ಹುಡುಗ ಫೋನ್ ಮಾಡಿದ.

"ಅಕ್ಕಾ, ಪ್ರೀಕ್ವೆಲ್ ಮಾಡ್ಲತ್ತೀವಿ. ಅದೇ ಊರು, ಅದೇ ಮಷಿನ್, 60 ವರ್ಷ ಹಿಂದಿನ ಕಥಿ. ಸಾಮಾನೆಲ್ಲ ಅದಾವಲ್ಲ?"

ನಾನು ಸ್ವಲ್ಪ ಹೊತ್ತು ಮಾತಾಡಲಿಲ್ಲ.

ನನ್ನ ಕೆಲಸ ಸ್ಟೇಜ್ ಕಟ್ಟುವುದು. ಶಾಲೆಯ ಗ್ಯಾದರಿಂಗ್, ನಾಟಕ, ಮದುವೆ ಮಂಟಪ, ಜಾತ್ರೆಯ ಸ್ತಬ್ಧಚಿತ್ರ, ಏನು ಬಂದರೂ ಮಾಡುತ್ತೇನೆ. ಅಪ್ಪ ಅಂಗಡಿ ಬೋರ್ಡ್ ಬರೆಯುತ್ತಿದ್ದರು. ಬ್ರಷ್ ಹಿಡಿಯುವುದನ್ನು ಅವರ ಹತ್ತಿರವೇ ಕಲಿತೆ. ಸರಣಿ ಮಾಡಿದ ಹುಡುಗರು ನನಗಿಂತ ಹತ್ತು ಹನ್ನೆರಡು ವರ್ಷ ಚಿಕ್ಕವರು. ಆರು ಕಂತು, ಒಂದೊಂದು 22 ನಿಮಿಷ. ಊರಿನ ಕೇಬಲ್ ಚಾನೆಲ್ಲಿನಲ್ಲಿ ಬಂತು, ಆಮೇಲೆ ಯೂಟ್ಯೂಬಿಗೆ ಹಾಕಿದರು. ಕಥೆ ಇಷ್ಟೇ: ಮುಂದೊಂದು ಕಾಲ. ಬಿಸಿಲು ತಡೆಯಲಾಗದೆ ನಮ್ಮ ಭಾಗದ ಜನ ನೆಲದ ಕೆಳಗೆ ಇಳಿದಿದ್ದಾರೆ. ಒಂದು ಯಂತ್ರ ಯಾರಿಗೆ ಎಷ್ಟು ನೀರು ಅಂತ ಲೆಕ್ಕ ಹಾಕಿ ಬಿಡುತ್ತದೆ. ಒಬ್ಬ ಹುಡುಗಿಯ ಕೊರಳಲ್ಲಿ ಒಂದು ಹಳೇ ಕಪ್ಪು ಬಿಲ್ಲೆ. ಅದರ ಮೇಲೆ ಅರ್ಧ ಅಳಿಸಿದ ಬೆಳ್ಳಿ ಗೆರೆ. ಅದು ಏನು ಅಂತ ಯಾರಿಗೂ ಗೊತ್ತಿಲ್ಲ.

ಅದು ಏನು ಅಂತ ನಮಗೂ ಗೊತ್ತಿರಲಿಲ್ಲ. ಪ್ರೀಕ್ವೆಲ್ ಮಾಡುವಾಗ ಮೊದಲು ಎದುರಾದದ್ದು ಇದೇ.

ಮೊದಲ ಸರಣಿಯಲ್ಲಿ ನಾನು ಸುಮ್ನೆ ಚೆಂದ ಕಾಣಲಿ ಅಂತ ಮಾಡಿದ್ದಕ್ಕೆಲ್ಲ ಈಗ ಕಾರಣ ಹುಡುಕಬೇಕಿತ್ತು. ಗೋಡೆಯ ಮೇಲೆ ಒಂದು ಸೀಳು ಬಿಟ್ಟಿದ್ದೆ. ಅದು ಯಾವಾಗ ಬಿತ್ತು? ಯಂತ್ರದ ಮೂರು ದೀಪ ಒಡೆದಿದ್ದವು. ಯಾರು ಒಡೆದರು? 60 ವರ್ಷ ಹಿಂದೆ ಅವು ಉರಿಯುತ್ತಿದ್ದರೆ ಯಾವ ಬಣ್ಣದಲ್ಲಿ ಉರಿಯುತ್ತಿದ್ದವು? ಹಳೇದು ಮಾಡುವುದು ನನಗೆ ಸಲೀಸು. ಬಣ್ಣ ಬಳಿ, ಉಜ್ಜು, ಮಣ್ಣು ಹಚ್ಚು, ಚಹಾದ ನೀರು ಚಿಮುಕಿಸು. ಹಳೇದನ್ನು ಹೊಸದಾಗಿ ಮಾಡುವುದು ಹಾಗಲ್ಲ. ಆ ವಸ್ತುವಿಗೆ ಇನ್ನೂ ಏನೇನು ಆಗಿಲ್ಲ ಅನ್ನುವುದು ಗೊತ್ತಿರಬೇಕು.

ಬೇರೆಯವರು ಇದನ್ನು ಹೇಗೆ ಮಾಡಿದ್ದಾರೆ ಅಂತ ಒಂದು ವಾರ ಕೂತು ನೋಡಿದೆ. 'ಸ್ಟಾರ್ ಟ್ರೆಕ್' ಸರಣಿ ಶುರುವಾದದ್ದು 1966ರಲ್ಲಿ. ಅದರ ಬಾಹ್ಯಾಕಾಶ ಹಡಗಿನಲ್ಲಿ ಬಣ್ಣ ಬಣ್ಣದ ಗುಂಡಿಗಳು, ಪುಟ್ಟ ದೀಪಗಳು. ಅದರ ಪ್ರೀಕ್ವೆಲ್ 'ಎಂಟರ್‌ಪ್ರೈಸ್' ಬಂದದ್ದು 2001ರಲ್ಲಿ. ಕಥೆ ನಡೆಯುವುದು ಮೂಲಕ್ಕಿಂತ ನೂರು ವರ್ಷಕ್ಕೂ ಹಿಂದೆ, ಆದರೆ ಸೆಟ್ ಕಟ್ಟುವವರ ಕಾಲ 35 ವರ್ಷ ಮುಂದೆ ಬಂದಿತ್ತು. ಅಷ್ಟರಲ್ಲಿ ಮನೆಮನೆಗೂ ಕಂಪ್ಯೂಟರ್ ಬಂದಿತ್ತು. ಹಿಂದಿನ ಕಾಲದ ಹಡಗು ಮುಂದಿನ ಕಾಲದ ಹಡಗಿಗಿಂತ ಹೊಸದಾಗಿ ಕಂಡರೆ ನೋಡುವವರು ಒಪ್ಪುವುದಿಲ್ಲ ಅಲ್ವಾ? ವಿನ್ಯಾಸಕಾರ ಹರ್ಮನ್ ಜಿಮ್ಮರ್‌ಮನ್ ಮತ್ತು ಅವರ ತಂಡ ಸಬ್‌ಮರೀನ್ ಕಡೆ ಹೋದರು. ಇಕ್ಕಟ್ಟಾದ ಓಣಿ, ತಲೆಗೆ ತಾಗುವಂಥ ಮೇಲ್ಛಾವಣಿ, ಎದುರಿಗೇ ಕಾಣುವ ಪೈಪು, ಬೂದು ಬಣ್ಣದ ಲೋಹ. ತಂತ್ರಜ್ಞಾನ ಹಳೇದು ಅಂತ ತೋರಿಸಲು ಅವರು ಗುಂಡಿಗಳನ್ನು ಹಳೇದು ಮಾಡಲಿಲ್ಲ, ಜಾಗವನ್ನೇ ಇಕ್ಕಟ್ಟು ಮಾಡಿದರು. ಅದು ನನ್ನ ತಲೆಯಲ್ಲಿ ಕೂತಿತು. ನಮ್ಮ ಮೊದಲ ಸರಣಿಯಲ್ಲಿ ನೆಲದೊಳಗಿನ ಓಣಿ ಆರು ಅಡಿ ಅಗಲ ಇತ್ತು. ಪ್ರೀಕ್ವೆಲ್‌ಗೆ ಮೂರೂವರೆ ಅಡಿ ಮಾಡಿದೆ. ಇನ್ನೂ ಅಗೆಯುತ್ತಿದ್ದಾರೆ, ಇನ್ನೂ ಅಗಲ ಆಗಿಲ್ಲ, ಅಷ್ಟೇ ಲೆಕ್ಕ. ಕ್ಯಾಮೆರಾ ಹುಡುಗನಿಗೆ ಜಾಗ ಸಾಲದೆ ಒದ್ದಾಡಿದ. ಆದರೆ ಆ ಇಕ್ಕಟ್ಟು ಪರದೆಯ ಮೇಲೆ ತಾನೇ ಮಾತಾಡಿತು.

2022ರಲ್ಲಿ ಬಂದ 'ಆಂಡೋರ್' ಸರಣಿ ಕೂಡ ನೋಡಿದೆ. ಅದು 2016ರ ಒಂದು 'ಸ್ಟಾರ್ ವಾರ್ಸ್' ಸಿನಿಮಾದ ಪ್ರೀಕ್ವೆಲ್. ಆ ಸಿನಿಮಾದ ಕೊನೆಗೆ ನಾಯಕ ಸಾಯುತ್ತಾನೆ ಅಂತ ನೋಡುವವರಿಗೆ ಮೊದಲೇ ಗೊತ್ತು. ಗೊತ್ತಿದ್ದೂ 24 ಕಂತು ಕೂರಿಸಿಕೊಳ್ಳುತ್ತಾರೆ. ಅದರಲ್ಲಿ ಬರುವ ಫೆರಿಕ್ಸ್ ಅನ್ನುವ ಊರನ್ನು ಇಂಗ್ಲೆಂಡಿನ ಒಂದು ಬಯಲಿನಲ್ಲಿ ನಿಜವಾಗಿಯೇ ಕಟ್ಟಿದ್ದರು, ನಟರು ಓಣಿಯಿಂದ ಓಣಿಗೆ ನಡೆದು ಹೋಗುವ ಹಾಗೆ. ಅದೇ ಕಥಾಲೋಕದ ಬೇರೆ ಸರಣಿಗಳು ದೊಡ್ಡ ಎಲ್‌ಇಡಿ ಗೋಡೆಯ ಮುಂದೆ ಶೂಟ್ ಮಾಡಿದರೆ, ಇವರು ಅದನ್ನು ಬಳಸಲಿಲ್ಲ. ನಮ್ಮ ಹುಡುಗರು ಹಸಿರು ಪರದೆ ಹಾಕಿ ಹಿಂದೆ ಕಂಪ್ಯೂಟರಿನಲ್ಲಿ ಗುಹೆ ಸೇರಿಸೋಣ ಅಂತಿದ್ದರು. ಕೈಗೆ ಸಿಗುವ ಕಲ್ಲೇ ಬೇಕು ಅಂತ ನಾನು ಹಟ ಹಿಡಿದೆ. ನಮ್ಮ ಹತ್ತಿರ ಕಲ್ಲಿಗೇನು ಕೊರತೆ? ಶಹಾಬಾದ್ ಇಲ್ಲೇ ಪಕ್ಕದಲ್ಲಿದೆ. ಈ ಭಾಗದ ಅರ್ಧ ಮನೆಗಳ ನೆಲ ಅಲ್ಲಿನ ಫರ್ಸಿಯದೇ.

ಕೆಲಸ ಬಿಟ್ಟ ಒಂದು ಹಳೇ ಖಣಿಯಲ್ಲಿ ಹೊರಗಿನ ದೃಶ್ಯ ಮಾಡಿದೆವು. ಶಹಾಬಾದ್ ಕಲ್ಲು ಪದರ ಪದರವಾಗಿ ಏಳುತ್ತದೆ. ಖಣಿಯ ಗೋಡೆ ನೋಡಿದರೆ ರೊಟ್ಟಿ ಒಂದರ ಮೇಲೊಂದು ಪೇರಿಸಿಟ್ಟ ಹಾಗೆ. ಒಳಗಿನ ದೃಶ್ಯಕ್ಕೆ ಅದೇ ಗೋಡೆಯನ್ನು ಥರ್ಮೋಕೋಲಿನಲ್ಲಿ ಮಾಡಿದೆ. ಅದನ್ನು ಹೇಗೆ ಮಾಡಿದೆ ಅಂತ ಇಲ್ಲಿ ಬರೆಯುತ್ತೇನೆ, ಯಾರಿಗಾದರೂ ಬೇಕಾದೀತು. ಮೊದಲು ಥರ್ಮೋಕೋಲ್ ಶೀಟನ್ನು ಅಡ್ಡಡ್ಡ ಕತ್ತರಿಸಿ ಪಟ್ಟಿ ಮಾಡಬೇಕು, ಒಂದು ದಪ್ಪ ಇನ್ನೊಂದು ತೆಳು. ಅವುಗಳನ್ನು ಸಮಕ್ಕೆ ಜೋಡಿಸಬಾರದು, ಒಂದೊಂದು ಎಳೆ ಒಳಗೆ ಹೊರಗೆ ಇರಬೇಕು. ತಂತಿ ಬ್ರಷ್ಷಿನಿಂದ ಅಡ್ಡಕ್ಕೆ ಮಾತ್ರ ಗೀರಬೇಕು. ಉದ್ದಕ್ಕೆ ಒಂದು ಗೀರು ಬಿದ್ದರೂ ಕಲ್ಲು ಸುಳ್ಳು ಅಂತ ಕಂಡುಬಿಡುತ್ತದೆ. ಆಮೇಲೆ ಸಿಮೆಂಟು, ಫೆವಿಕಾಲ್, ನೀರು ಕಲಸಿ ತೆಳ್ಳಗೆ ಎರಡು ಸಲ. ಒಣಗಿದ ಮೇಲೆ ಬೂದು ಬಣ್ಣಕ್ಕೆ ಒಂದಿಷ್ಟು ನೀಲಿ ಸೇರಿಸಿ ಒಣ ಬ್ರಷ್ಷಿನಿಂದ ತೀಡಬೇಕು. ಮೊದಲ ಸರಣಿಯಲ್ಲಿ ಇದರ ಮೇಲೆ ಕಂದು ಕಲೆ, ಪಾಚಿ, ಮಸಿ ಎಲ್ಲ ಹಾಕಿದ್ದೆ. ಈ ಸಲ ಅವು ಬೇಡ. ಹೊಸದಾಗಿ ಒಡೆದ ಕಲ್ಲಿನ ಅಂಚಿನಲ್ಲಿ ಬಿಳಿ ಪುಡಿ ಕೂತಿರುತ್ತದೆ. ಖಣಿಯಲ್ಲಿ ಕೆಲಸ ಮಾಡಿದ ಒಬ್ಬ ಕಾಕಾ ಅದನ್ನು ತೋರಿಸಿಕೊಟ್ಟರು. "ಹೊಸಾ ಕಲ್ಲಿಗಿ ಹಿಟ್ಟು ಹತ್ತಿರ್ತದವ್ವ, ಒಂದು ಮಳಿ ಬಿದ್ರ ಹೋಗ್ತದ." ರಂಗೋಲಿ ಪುಡಿ ತಂದು ಪ್ರತಿ ಅಂಚಿಗೂ ಊದಿದೆ. ಆ ಬಿಳಿ ಪುಡಿ ಒಂದರಿಂದಲೇ ಗೋಡೆಗೆ 60 ವರ್ಷ ಕಡಿಮೆಯಾಯಿತು.

ಈಗ ಯಂತ್ರದ ವಿಷಯ. ಮೊದಲ ಸಲ ಅದು ನಮಗೆ ಗುಜರಿಯಲ್ಲಿ ಸಿಕ್ಕಿತ್ತು. ಕಲಬುರಗಿ ತೊಗರಿಯ ಊರು, ದಾಲ್ ಮಿಲ್‌ಗಳು ಬೇಕಾದಷ್ಟಿವೆ. ಹಳೇ ಮಿಲ್ಲೊಂದರ ಕಂಟ್ರೋಲ್ ಪ್ಯಾನೆಲ್ ಗುಜರಿಗೆ ಬಂದಿತ್ತು. ಎದೆಯೆತ್ತರದ ಕಬ್ಬಿಣದ ಪೆಟ್ಟಿಗೆ, ಮೇಲೆ ಮೂರು ಮೀಟರ್, ಕೆಳಗೆ ದೀಪಗಳ ಸಾಲು, ತಿರುಗಿಸುವ ಸ್ವಿಚ್ಚು. 1,800 ರೂಪಾಯಿ ಕೊಟ್ಟು ತಂದಿದ್ದೆ. ಸರಣಿ ಮುಗಿದ ಮೇಲೆ ಅದೇ ಅಂಗಡಿಗೆ ವಾಪಸ್ ಹಾಕಿದ್ದೆ. ಈಗ ಓಡಿ ಹೋಗಿ ಕೇಳಿದರೆ, ಕತ್ತರಿಸಿ ಲಾರಿಗೆ ತುಂಬಿ ಎಷ್ಟೋ ತಿಂಗಳಾಗಿತ್ತು. ಅಂಗಡಿಯವರ ತಪ್ಪೇನೂ ಇಲ್ಲ. ಅವತ್ತು ರಾತ್ರಿ ನನಗೆ ಊಟ ಸೇರಲಿಲ್ಲ.

ಉಳಿದಿದ್ದದ್ದು ದೃಶ್ಯಗಳು ಮಾತ್ರ. ಆರೂ ಕಂತನ್ನು ನಿಲ್ಲಿಸಿ ನಿಲ್ಲಿಸಿ ನೋಡಿ, ಯಂತ್ರ ಕಾಣುವ ಕಡೆಯೆಲ್ಲ ಚಿತ್ರ ತೆಗೆದುಕೊಂಡೆ. 140 ಚಿತ್ರ ಆದವು. ಅಳತೆ ಹೇಗೆ? ಒಂದು ದೃಶ್ಯದಲ್ಲಿ ನಾಯಕಿ ಯಂತ್ರದ ಮೇಲೆ ಅಂಗೈ ಇಡುತ್ತಾಳೆ. ಆ ಹುಡುಗಿಯನ್ನು ಮನೆಗೆ ಕರೆಸಿ ಅಂಗೈ ಅಳೆದುಕೊಂಡೆ. ಏಳು ಇಂಚಿಗೆ ಸ್ವಲ್ಪ ಕಡಿಮೆ. ಅದರಿಂದ ಉಳಿದದ್ದನ್ನೆಲ್ಲ ಲೆಕ್ಕ ಹಾಕಿದೆ. ವೆಲ್ಡಿಂಗ್ ಅಂಗಡಿಯಲ್ಲಿ ತಗಡಿನ ಪೆಟ್ಟಿಗೆ ಮಾಡಿಸಿದೆ. ದೀಪ, ಸ್ವಿಚ್ಚು, ಮೀಟರ್ ಎಲೆಕ್ಟ್ರಿಕಲ್ ಅಂಗಡಿಯಲ್ಲಿ ಹೊಸದೇ ಸಿಕ್ಕವು, ಈ ಸಲ ಹೊಸದೇ ಬೇಕಿತ್ತು.

ಕಷ್ಟ ಆದದ್ದು ಅಕ್ಷರದ್ದು. ಮೊದಲ ಸರಣಿಯಲ್ಲಿ ಯಂತ್ರದ ಮೇಲೆ ಕನ್ನಡದಲ್ಲಿ ಏನೋ ಬರೆದು ಉಜ್ಜಿ ಅಳಿಸಿದ್ದೆ. 'ಲು' ಅನ್ನುವ ಒಂದು ಅಕ್ಷರ, ಅದರ ಹಿಂದೆ ಒಂದು ಬಾಗಿದ ಗೆರೆ, ಅಷ್ಟೇ ಉಳಿದಿತ್ತು. ಅಲ್ಲಿ ಏನು ಬರೆದಿದ್ದೆ ಅಂತ ನೆನಪಾಗಲಿಲ್ಲ. ಯೂಟ್ಯೂಬಿನಲ್ಲಿ ನೋಡಿದವರು 'ಬಾಗಿಲು' ಇರಬೇಕು, 'ಅಳಲು' ಇರಬೇಕು ಅಂತ ಬರೆದಿದ್ದರು. ಅಷ್ಟು ಮನಸ್ಸಿಟ್ಟು ನೋಡಿದವರಿಗೆ ಈಗ ಬಾಯಿಗೆ ಬಂದದ್ದು ಹೇಳಲು ಆಗುತ್ತದಾ? ಅಪ್ಪ ಬೋರ್ಡ್ ಬರೆಯುವಾಗ ಮೊದಲು ಸೀಮೆಸುಣ್ಣದಲ್ಲಿ ಎರಡು ಗೆರೆ ಎಳೆದು, ಅಕ್ಷರಕ್ಕೆ ಎಷ್ಟು ಅಗಲ ಅಂತ ಬೆರಳಿನಲ್ಲಿ ಅಳೆಯುತ್ತಿದ್ದರು. ನಾನೂ ಹಾಗೇ ಮಾಡಿದೆ. ಪೆಟ್ಟಿಗೆಯ ಅಂಚಿಗೂ ಆ 'ಲು'ವಿಗೂ ನಡುವೆ ಇರುವ ಜಾಗದಲ್ಲಿ ಒಂದೇ ಅಕ್ಷರ ಹಿಡಿಯುತ್ತಿತ್ತು. ಬಾಗಿದ ಗೆರೆ ಮೇಲಿನಿಂದ ಬಲಕ್ಕೆ ಬರುವ ದೀರ್ಘದ್ದು. 'ಪಾಲು'. ನೀರಿನ ಪಾಲು ಹಂಚುವ ಯಂತ್ರದ ಮೇಲೆ 'ಪಾಲು'. ಹುಡುಗರಿಗೆ ತೋರಿಸಿದಾಗ ಎಲ್ಲರೂ ಎದ್ದು ನಿಂತುಬಿಟ್ಟರು.

ಅದರಿಂದ ಸಂಭಾಷಣೆ ಬರೆಯುವವನಿಗೂ ಒಂದು ದಾರಿ ಸಿಕ್ಕಿತು. ಮೊದಲ ಸರಣಿಯಲ್ಲಿ ಜನ 'ನೀರ್ಪಾಲ' ಅಂತ ಒಂದು ಮಾತು ಆಡುತ್ತಾರೆ, ರೇಷನ್ ಅನ್ನುವ ಹಾಗೆ. ಪ್ರೀಕ್ವೆಲ್‌ನಲ್ಲಿ ಯಾರೂ ಹಾಗೆ ಅನ್ನುವುದಿಲ್ಲ. "ನಮ್ಮ ನೀರಿನ ಪಾಲು ಕೊಡ್ರಿ" ಅಂತ ಪೂರ್ತಿ ಹೇಳುತ್ತಾರೆ. ಬಾಯಿಂದ ಬಾಯಿಗೆ ಸವೆದು ಮಾತು ಚಿಕ್ಕದಾಗಲು 60 ವರ್ಷ ಬೇಕು. ಅವನು ತನ್ನ ಅಜ್ಜಿಯ ಹತ್ತಿರ ಕೂತು ಅವರ ಮಾತುಗಳನ್ನೆಲ್ಲ ಬರೆದುಕೊಂಡು ಬಂದ. ಸಾಮಾನು ಹಿಂದಕ್ಕೆ ಹೋದರೆ ಸಾಲದು, ಭಾಷೆಯೂ ಹಿಂದಕ್ಕೆ ಹೋಗಬೇಕು ಅಂತ ನನಗೆ ಹೊಳೆದಿರಲಿಲ್ಲ.

ಬಿಸಿಲಿನ ಬಗ್ಗೆ ಜಾಸ್ತಿ ಹೇಳುವುದಿಲ್ಲ. ಏಪ್ರಿಲ್, ಮೇ ತಿಂಗಳಲ್ಲಿ 42-43 ಡಿಗ್ರಿ ನಮಗೆ ಹೊಸದಲ್ಲ. ಬಿಸಿ ಗಮ್ಮಿನಲ್ಲಿ ಅಂಟಿಸಿದ್ದೆಲ್ಲ ಟೆಂಪೋದೊಳಗೇ ಬಿಚ್ಚಿಕೊಂಡಿತು. ಅವತ್ತಿನಿಂದ ಎಲ್ಲಕ್ಕೂ ಸ್ಕ್ರೂ. ಬೆಳಿಗ್ಗೆ 5ಕ್ಕೆ ಶುರು ಮಾಡಿ 9ಕ್ಕೆ ಮುಗಿಸುತ್ತಿದ್ದೆವು. ಬಿಸಿಲಿಗೆ ಹೆದರಿ ನೆಲದೊಳಗೆ ಇಳಿಯುವ ಜನರ ಕಥೆ ಅಲ್ವಾ ಇದು, ನಟರಿಗೆ ಬೆವರುವುದನ್ನು ಹೇಳಿಕೊಡಬೇಕಾಗಲಿಲ್ಲ.

ಈಗ ಬೀದರ್.

ನೆಲದೊಳಗಿನ ಊರು ಅನ್ನುವ ಯೋಚನೆಯೇ ನಮಗೆ ಬಂದದ್ದು ಬೀದರಿನ ನೌಬಾದ್ ಕರೇಜಿನಿಂದ. ಅಲ್ಲಿನವರು ಸುರಂಗ ಬಾವಿ ಅನ್ನುತ್ತಾರೆ. ಬಹಮನಿ ಅರಸರ ಕಾಲದ್ದು, 15ನೇ ಶತಮಾನದ್ದು. ಇರಾನಿನ ಕಡೆಯಿಂದ ಬಂದ ವಿದ್ಯೆ. ನೆಲದ ಕೆಳಗೆ ಸುರಂಗ ಕೊರೆದು, ಸ್ವಲ್ಪ ಸ್ವಲ್ಪವೇ ಇಳಿಜಾರು ಕೊಟ್ಟು, ಅಂತರ್ಜಲ ತಾನೇ ಹರಿದು ಬರುವ ಹಾಗೆ ಮಾಡಿದ್ದಾರೆ. ಪಂಪು ಇಲ್ಲ, ಏತ ಇಲ್ಲ. ಸುರಂಗ ಮೂರು ಕಿಲೋಮೀಟರಿಗೂ ಉದ್ದ. ದಾರಿಯುದ್ದಕ್ಕೂ ಗಾಳಿ ಬೆಳಕಿಗೆ ಮೇಲಿಂದ ಕೊರೆದ ಬಾವಿಯಂಥ ಕಿಂಡಿಗಳು, ಒಟ್ಟು 21. ಅಲ್ಲಿ ನಾವು ಶೂಟಿಂಗ್ ಮಾಡಲಿಲ್ಲ. ಅಂಥ ಜಾಗದಲ್ಲಿ 20 ಜನ, ಲೈಟು, ವೈರು ತಗೊಂಡು ಇಳಿಯುವುದು ನನಗೇ ಸರಿ ಕಾಣಲಿಲ್ಲ. ಹೋಗಿ ನೋಡಿ ಬಂದೆ. ಕಿಂಡಿಯಿಂದ ಬೆಳಕು ಹೇಗೆ ಬೀಳುತ್ತದೆ ಅಂತ ನೋಡುತ್ತಾ ನಿಂತೆ. ಒಂದು ಕಡೆ ಬಿಸಿಲಿನ ಕಂಬ, ಅದರ ಆಚೆ ಏನೂ ಕಾಣದ ಕತ್ತಲು. ಸೆಟ್ಟಿನಲ್ಲಿ ಒಂದೇ ಒಂದು ಲೈಟನ್ನು ಮೇಲೆ ಕಟ್ಟಿ, ಕೆಳಗೆ ತೂತು ಮಾಡಿದ ಪ್ಲೈವುಡ್ ಇಟ್ಟೆವು. ಬೇರೆ ಲೈಟೇ ಹಾಕಲಿಲ್ಲ.

ನೌಬಾದಿನಿಂದ ವಾಪಸ್ ಬರುವಾಗ ನನಗೆ ಬಿಲ್ಲೆಯ ಅರ್ಥ ಹೊಳೆಯಿತು. 2017ರಲ್ಲಿ ಬೀದರ್-ಕಲಬುರಗಿ ರೈಲು ಶುರುವಾದ ಮೇಲೆ ನಾನು ಅದರಲ್ಲೇ ಓಡಾಡುತ್ತೇನೆ. ಮರಗುತ್ತಿ ಹತ್ತಿರದ ಸುರಂಗದೊಳಗೆ ರೈಲು ಹೊಕ್ಕಾಗ ಡಬ್ಬಿಯೆಲ್ಲ ಕತ್ತಲಾಯಿತು. ಮೊದಲ ಸರಣಿಯ ಬಿಲ್ಲೆಯ ಮೇಲೆ ನಾನು ಒಂದು ವಂಕಿ ಗೆರೆ ಎಳೆದು, ಅದರ ಪಕ್ಕ ಒಂಬತ್ತು ಚುಕ್ಕಿ ಇಟ್ಟಿದ್ದೆ. ಗೆರೆ ಅಂದರೆ ಸುರಂಗ. ಚುಕ್ಕಿ ಅಂದರೆ ಕಿಂಡಿ. ಉಳಿದ 12 ಚುಕ್ಕಿ ಅಳಿಸಿ ಹೋಗಿವೆ. ಕೊರಳಲ್ಲಿರುವುದು ನೀರಿನ ದಾರಿಯ ನಕ್ಷೆ. ನಿರ್ದೇಶಕನಿಗೆ ರೈಲಿನಿಂದಲೇ ಫೋನ್ ಮಾಡಿದೆ. ಅವನು "ಅಕ್ಕಾ, ಇನ್ನೊಮ್ಮೆ ಹೇಳ್ರಿ" ಅಂತ ಮೂರು ಸಲ ಹೇಳಿಸಿದ.

ಮೊದಲ ಸರಣಿಯ ಬಿಲ್ಲೆ ಬಿದ್ರಿ ಅಲ್ಲ, ಅಂದರೆ ಕಪ್ಪು ಲೋಹದಲ್ಲಿ ಬೆಳ್ಳಿ ಕೂರಿಸುವ ಬೀದರಿನ ಕಸುಬಿನದಲ್ಲ. ಪ್ಲೈವುಡ್ ಚೂರಿಗೆ ಕಪ್ಪು ಬಣ್ಣ, ಅದರ ಮೇಲೆ ಬೆಳ್ಳಿ ಬಣ್ಣ. ದೂರದಿಂದ ಸಾಕಾಗಿತ್ತು. ಪ್ರೀಕ್ವೆಲ್‌ನಲ್ಲಿ ಆ ಬಿಲ್ಲೆಯನ್ನು ಮಾಡುವುದನ್ನೇ ತೋರಿಸಬೇಕು, ಹತ್ತಿರದಿಂದ. ನಿಜವಾದದ್ದೇ ಬೇಕು. ಬೀದರಿನಲ್ಲಿ ಒಬ್ಬ ಹಿರಿಯ ಕಸುಬುದಾರರ ಹತ್ತಿರ ಹೋದೆ. ಎಲ್ಲರೂ ಅವರನ್ನು ಚಾಚಾ ಅನ್ನುತ್ತಾರೆ, ನಾನೂ ಹಾಗೇ ಕರೆದೆ. ಫೋನಿನಲ್ಲಿ ಹಳೇ ಬಿಲ್ಲೆಯ ಚಿತ್ರ ತೋರಿಸಿದೆ. ಅವರು ಕನ್ನಡಕ ಮೇಲೆ ಮಾಡಿ, ಚಿತ್ರ ದೊಡ್ಡದು ಮಾಡಿಸಿ ನೋಡಿದರು.

"ಬೇಟಿ, ಇದು ಬಿದ್ರಿ ಅಂತ ತೋರಿಸೀರೇನು?"

"ಹೌದ್ರಿ ಚಾಚಾ."

"ಬಿದ್ರಿಯೊಳಗ ಬೆಳ್ಳಿ ಹಿಂಗ ಉದುರಂಗಿಲ್ಲ. ಕೆತ್ತೋ ಮನುಷ್ಯಾಗ ಕೆಲಸ ಬರಂಗಿಲ್ಲಂದ್ರ ಉದುರ್ತದ. ನಮ್ಮ ದಾದಾನ ಕಾಲದ ಹುಕ್ಕಾ ಅದ ನಮ್ಮ ಮನ್ಯಾಗ. ಒಂದು ತಂತಿ ಎದ್ದಿಲ್ಲ."

ನನಗೆ ಮುಖ ಎತ್ತಲು ಆಗಲಿಲ್ಲ. 2006ರಲ್ಲಿ ಬಿದ್ರಿಗೆ ಜಿಐ (ಭೌಗೋಳಿಕ ಗುರುತು) ಮಾನ್ಯತೆ ಸಿಕ್ಕಿತು, 2023ರಲ್ಲಿ ಬೀದರಿನ ಶಾ ರಶೀದ್ ಅಹ್ಮದ್ ಖಾದ್ರಿ ಅವರಿಗೆ ಪದ್ಮಶ್ರೀ ಬಂತು. ನಮ್ಮ ಭಾಗದ ಹೆಮ್ಮೆ ಅಂತ ನಾವೆಲ್ಲ ಸ್ಟೇಟಸ್ ಹಾಕಿಕೊಂಡಿದ್ದೆವು. ಅದೇ ನಾನು, ಬಿದ್ರಿಯ ಬೆಳ್ಳಿ ತಾನೇ ಉದುರುತ್ತದೆ ಅಂತ ಆರು ಕಂತು ತೋರಿಸಿದ್ದೆ. ಆಗಿದ್ದನ್ನು ತಿದ್ದಲು ಬರುವುದಿಲ್ಲ, ಜನ ನೋಡಿಬಿಟ್ಟಿದ್ದಾರೆ. ಹಾಗಾದರೆ ಬೆಳ್ಳಿ ಹೇಗೆ ಹೋಗಬಹುದು ಅಂತ ಚಾಚಾರನ್ನೇ ಕೇಳಿದೆ. ಸ್ವಲ್ಪ ಯೋಚನೆ ಮಾಡಿ ಹೇಳಿದರು: "ಯಾರರ ಬೇಕಂತ ಉಳಿ ಹಾಕಿ ತೆಗೀಬೇಕು. ಹೊಟ್ಟಿಗಿಲ್ಲದ ಕಾಲಕ್ಕ ಬೆಳ್ಳಿ ಮಾರ್ಲಿಕ್ಕೆ ತೆಗೀತಾರ."

ಆ ಒಂದು ಮಾತಿನಿಂದ ನಮ್ಮ ನಾಲ್ಕನೇ ಕಂತೇ ಬದಲಾಯಿತು. ಬರ ಬಿದ್ದ ವರ್ಷ ಮೊದಲ ಸರಣಿಯ ಹುಡುಗಿಯ ಅಜ್ಜಿ ತನ್ನ ಕೈಯಾರೆ ಬಿಲ್ಲೆಯ ಬೆಳ್ಳಿ ಎಬ್ಬಿಸುತ್ತಾಳೆ. 12 ಚುಕ್ಕಿ ಮಾರಿ ಮಕ್ಕಳಿಗೆ ಜೋಳ ತರುತ್ತಾಳೆ. ಒಂಬತ್ತಕ್ಕೆ ನಿಲ್ಲಿಸುತ್ತಾಳೆ. ಮೊದಲು ಬರೆದ ಕಥೆಯಲ್ಲಿ ಇದರ ಒಂದು ಸಾಲೂ ಇರಲಿಲ್ಲ. ಪ್ರೀಕ್ವೆಲ್‌ನ ನಾಲ್ಕು ಕಂತಿನಲ್ಲಿ ನನಗೆ ಎಲ್ಲಕ್ಕಿಂತ ಇಷ್ಟವಾದ ದೃಶ್ಯ ಇದೇ.

ಬಿದ್ರಿ ಹೇಗೆ ಆಗುತ್ತದೆ ಅಂತ ನೋಡದವರಿಗೆ ಒಂದಿಷ್ಟು ಹೇಳಬೇಕು. ಮೂಲ ಲೋಹ ಸತು, ಅದಕ್ಕೆ ಸ್ವಲ್ಪ ತಾಮ್ರ. 16 ಭಾಗ ಸತುವಿಗೆ ಒಂದು ಭಾಗ ತಾಮ್ರ ಅನ್ನುವುದು ರೂಢಿಯ ಲೆಕ್ಕ. ಮಣ್ಣಿನ ಅಚ್ಚಿನಲ್ಲಿ ಎರಕ ಹೊಯ್ದು, ಅರದಲ್ಲಿ ತಿಕ್ಕಿ ನುಣುಪು ಮಾಡುತ್ತಾರೆ. ಮೈಲುತುತ್ತದ ನೀರು ಸವರಿದಾಗ ಮೇಲ್ಮೈ ಕಪ್ಪಾಗುತ್ತದೆ. ಇದು ಉಳಿಯುವ ಕಪ್ಪಲ್ಲ, ಕೆತ್ತುವ ಗೆರೆ ಎದ್ದು ಕಾಣಲಿ ಅಂತ. ಆಮೇಲೆ ಉಳಿಯಿಂದ ಕೆತ್ತುವುದು. ಕೆತ್ತಿದ ಗೆರೆಯಲ್ಲಿ ಬೆಳ್ಳಿ ತಂತಿ ಇಟ್ಟು ಸಣ್ಣ ಸುತ್ತಿಗೆಯಿಂದ ತಟ್ಟಿ ಕೂರಿಸುವುದು. ಇದಕ್ಕೆ ತಾರ್‌ಕಶಿ ಅನ್ನುತ್ತಾರೆ. ಮತ್ತೆ ತಿಕ್ಕಿ ಪಾಲಿಶ್ ಮಾಡಿದಾಗ ಆ ಕಪ್ಪು ಹೋಗಿ ಇಡೀ ವಸ್ತು ಬೆಳ್ಳಗಾಗುತ್ತದೆ. ಸತುವೂ ಬಿಳಿ, ಬೆಳ್ಳಿಯೂ ಬಿಳಿ. ಅಷ್ಟು ದಿನ ಕೆತ್ತಿದ ಚಿತ್ರ ಆಗ ಕಾಣುವುದೇ ಇಲ್ಲ. ಓರೆಯಾಗಿ ಹಿಡಿದು ನೋಡಿದರೆ ಮಾತ್ರ ಸಣ್ಣ ಎಳೆಯ ಹಾಗೆ ಹೊಳೆಯುತ್ತದೆ. ಕೊನೆಗೆ ಬೀದರ್ ಕೋಟೆಯ ಹಳೇ ಕಟ್ಟಡಗಳೊಳಗಿನ ಮಣ್ಣು, ಬಿಸಿಲು ಮಳೆ ಕಾಣದ್ದು. ಅದಕ್ಕೆ ನವಸಾಗರ ಸೇರಿಸಿ, ನೀರಿನಲ್ಲಿ ಕುದಿಸಿ, ಬೆಚ್ಚಗೆ ಮಾಡಿದ ವಸ್ತುವಿಗೆ ಹಚ್ಚುತ್ತಾರೆ. ಸತು ಕಪ್ಪಾಗುತ್ತದೆ, ಬೆಳ್ಳಿ ಹಾಗೇ ಉಳಿಯುತ್ತದೆ. ಆ ಮಣ್ಣನ್ನು ಚಾಚಾ ನಾಲಿಗೆಗೆ ಹಚ್ಚಿ ನೋಡುತ್ತಾರೆ. ರುಚಿ ಸರಿ ಇಲ್ಲದಿದ್ದರೆ ತೆಗೆದಿಡುತ್ತಾರೆ.

ನಾನು ಅಂಗಡಿಯಲ್ಲಿ ಕೂತಿದ್ದ ದಿನ ಅವರ ಮುಂದೆ ಒಂದು ಹೂದಾನಿ ಇತ್ತು. ಪಾಲಿಶ್ ಆಗಿತ್ತು, ಕಪ್ಪು ಹತ್ತಿರಲಿಲ್ಲ. ಕೈಗೆ ತಗೊಂಡು ತಿರುಗಿಸಿದೆ. ಏನೂ ಇಲ್ಲದ ಬೋಳು ಹೂದಾನಿ ಅಂದುಕೊಂಡೆ. ಕಿಟಕಿಯ ಬೆಳಕು ಬಿದ್ದಾಗ ಒಳಗಿಂದ ಎದ್ದು ಬಂದ ಹಾಗೆ ಒಂದು ಬಳ್ಳಿ ಕಾಣಿಸಿತು. ತಿರುಗಿಸಿದರೆ ಮತ್ತೆ ಮಾಯ. ಅಷ್ಟು ದಿನ ನಾನು ಹುಡುಕುತ್ತಿದ್ದದ್ದು ಇದನ್ನೇ. ಹೊಸ ಬಿಲ್ಲೆ ಅಂದರೆ ಹೊಳೆಯುವ ಕಪ್ಪು ಬಿಲ್ಲೆ ಅಂತ ಹುಡುಗರೆಲ್ಲ ಅಂದುಕೊಂಡಿದ್ದರು. ಕಪ್ಪು ಇನ್ನೂ ಹತ್ತದ, ನಕ್ಷೆ ಒಳಗೇ ಇದ್ದೂ ಕಾಣದ ಬಿಳಿ ಬಿಲ್ಲೆ ನಮಗೆ ಬೇಕಿತ್ತು. ಮೂರು ಕಂತು ಅಜ್ಜಿ ಅದನ್ನು ಹಾಗೇ ಕೊರಳಿಗೆ ಹಾಕಿಕೊಂಡು ಓಡಾಡಲಿ. ನೋಡುವವರು ಅದೇ ಬಿಲ್ಲೆ ಅಂತ ಗುರುತು ಹಿಡಿಯದಿರಲಿ.

ಚಾಚಾ ಒಪ್ಪಲಿಲ್ಲ.

"ಇದು ಅರ್ಧ ಕೆಲಸ ಬೇಟಿ. ಅರ್ಧ ಕೆಲಸ ನಾನು ಹೊರಗ ಕೊಡಂಗಿಲ್ಲ. ಮಂದಿ ನೋಡಿ ಇದು ಬಿದ್ರಿ ಅಂದ್ರ?"

ಎರಡು ಸಲ ಹೋಗಿ ಕೇಳಿದೆ. ಎರಡನೇ ಸಲ ಕಥೆ ಪೂರ್ತಿ ಹೇಳಿದೆ. ಕೊನೆಗೆ ಅವರಾಗಿಯೇ ಒಂದು ಷರತ್ತು ಹಾಕಿದರು: ಬಿಳಿ ಬಿಲ್ಲೆ ಕೊಡುತ್ತೇನೆ, ಆದರೆ ಎಷ್ಟು ಒಯ್ಯುತ್ತೀರೋ ಅಷ್ಟೂ ವಾಪಸ್ ಬರಬೇಕು, ನನ್ನ ಕೈಯಲ್ಲೇ ಕಪ್ಪಾಗಬೇಕು. ಮೂರು ಮಾಡಿಸಿದೆ. ಎರಡೂವರೆ ಇಂಚು ಅಗಲ. ಮೊದಲ ಸರಣಿಯ ಒಂಬತ್ತು ಚುಕ್ಕಿ ಇದ್ದ ಕಡೆಯೇ ಇರಬೇಕು, ಉಳಿದ 12 ಅವುಗಳ ನಡುವೆ ಬರಬೇಕು. ಚಾಚಾ ನನ್ನ ಚಿತ್ರವನ್ನು ಪಕ್ಕದಲ್ಲಿಟ್ಟುಕೊಂಡು ಅಳತೆ ಪಟ್ಟಿ ಇಲ್ಲದೆ ಉಳಿ ಹಿಡಿದರು. ಮುಗಿದ ಮೇಲೆ ಚಿತ್ರವನ್ನು ಪಾರದರ್ಶಕ ಹಾಳೆಯಲ್ಲಿ ತೆಗೆದು ಮೇಲಿಟ್ಟು ನೋಡಿದೆ. ಒಂಬತ್ತೂ ಕೂತವು.

ಕಪ್ಪು ಹತ್ತುವ ದೃಶ್ಯವನ್ನು ಅವರ ಅಂಗಡಿಯಲ್ಲೇ ತೆಗೆದೆವು. ಕೈ ಮಾತ್ರ ಅವರದು. ಕಪ್ಪು ಹತ್ತಿದ ಬಿಲ್ಲೆಯಲ್ಲಿ ಆ ದೃಶ್ಯವನ್ನು ಕೂಡಲೇ ಮತ್ತೆ ತೆಗೆಯಲು ಬರುತ್ತಿರಲಿಲ್ಲ, ತಪ್ಪಿದರೆ ಇನ್ನೊಂದು ಬಿಲ್ಲೆಯೇ ಬೇಕಿತ್ತು. ಮೊದಲನೆಯದು ಶುರು ಮಾಡಿದೆವು. ಮಣ್ಣು ಹಚ್ಚಿ ಕೈ ಎತ್ತುವ ಹೊತ್ತಿಗೆ ತಲೆಯ ಮೇಲೆ ವಾಯುಪಡೆಯ ತರಬೇತಿ ವಿಮಾನ ಹೋಯಿತು. ಬೀದರಿನಲ್ಲಿ ಅದು ದಿನದ ಸದ್ದು, ಊರವರಿಗೆ ಕೇಳಿಸುವುದೂ ಇಲ್ಲ. ನಮ್ಮ ಮೈಕಿಗೆ ಪೂರ್ತಿ ಕೇಳಿಸಿತು. ಚಿತ್ರ ಚೆಂದ ಬಂದಿತ್ತು, ಧ್ವನಿ ಹೋಗಿತ್ತು. ಧ್ವನಿಯ ಹುಡುಗ ಆ ಸದ್ದನ್ನು ಬಿಸಾಡಲಿಲ್ಲ. ಅದನ್ನು ನಿಧಾನ ಮಾಡಿ, ತಗ್ಗಿಸಿ, ಸುರಂಗದೊಳಗೆ ಗಾಳಿ ಬೀಸುವ ಸದ್ದು ಮಾಡಿಕೊಂಡ. ನಾಲ್ಕೂ ಕಂತಿನಲ್ಲಿ ಅದೇ ಇದೆ.

ಎರಡನೆಯದಕ್ಕೆ ಸಂಜೆಯವರೆಗೆ ಕಾದೆವು. ಅಂಗಡಿಯ ಫ್ಯಾನ್ ಬಂದ್, ಬಾಗಿಲು ಮುಂದೆ ಮಾಡಿತ್ತು, ಯಾರೂ ಮಾತಾಡುತ್ತಿರಲಿಲ್ಲ. ಚಾಚಾ ಬಿಲ್ಲೆಯನ್ನು ಬೆಚ್ಚಗೆ ಮಾಡಿ, ಕುದಿಸಿದ ಮಣ್ಣನ್ನು ಬೆರಳಿನಿಂದ ಸವರಿದರು. ಬಿಳಿ ಮೊದಲು ಬೂದಾಯಿತು. ಆಮೇಲೆ ಅಂಚಿನಿಂದ ಕಪ್ಪು ಒಳಗೆ ನಡೆದು ಬಂತು. ನೀರಿನಲ್ಲಿ ತೊಳೆದರು. ಮಣ್ಣು ಹೋದ ಕಡೆಯೆಲ್ಲ ಒಂದೊಂದೇ ಚುಕ್ಕಿ ಎದ್ದಿತು, ಆಮೇಲೆ ಗೆರೆ. ನಾನು ಲೈಟ್ ಹಿಡಿದು ನಿಂತಿದ್ದೆ. ಎಣಿಸಬಾರದು ಅಂದುಕೊಂಡರೂ ಬಾಯೊಳಗೇ ಎಣಿಸುತ್ತಿದ್ದೆ.

ಮೂರನೇ ಬಿಲ್ಲೆ ಬೇಕಾಗಲಿಲ್ಲ. ಸಾಮಾನು ಕಟ್ಟುವ ಗಡಿಬಿಡಿಯಲ್ಲಿ ಅದು ನನ್ನ ಚೀಲದಲ್ಲೇ ಕಲಬುರಗಿಗೆ ಬಂದುಬಿಟ್ಟಿತ್ತು. ಹುಡುಗರು ನೆನಪಿಗೆ ಇಟ್ಟುಕೊಳ್ಳೋಣ ಅಂದರು. ಚಾಚಾರ ಷರತ್ತು ನೆನಪಾಯಿತು. ಮುಂದಿನ ವಾರ ರೈಲು ಹತ್ತಿ ಹೋಗಿ ಅವರ ಮುಂದಿಟ್ಟೆ. ಅವರು ಏನೂ ಕೇಳಲಿಲ್ಲ. ಮಣ್ಣಿನ ಪಾತ್ರೆ ಒಲೆಯ ಮೇಲಿಟ್ಟರು. ಕ್ಯಾಮೆರಾ ಇರಲಿಲ್ಲ, ಲೈಟ್ ಇರಲಿಲ್ಲ, ಮೇಲೆ ವಿಮಾನ ಹೋಗುತ್ತಲೇ ಇತ್ತು. ಕಪ್ಪು ಹತ್ತಿಸಿ, ತೊಳೆದು, ಎಣ್ಣೆ ಹಚ್ಚಿ ಬಟ್ಟೆಯಿಂದ ತಿಕ್ಕಿ, ಹಳೇ ಪೇಪರಿನಲ್ಲಿ ಸುತ್ತಿ ಕೈಗೆ ಕೊಟ್ಟರು.

"ಈಗ ಒಯ್ಯಿ" ಅಂದರು.